ಮುಸ್ಲಿಂ ವಿವಾಹದಲ್ಲಿ ಕ್ರೌರ್ಯ: ವಿಚ್ಛೇದನದ ಅರ್ಜಿಗೆ ಮೊದಲು ಬರೆದಿಟ್ಟುಕೊಳ್ಳಬೇಕಾದದ್ದು

ಕಾರವಾರದಲ್ಲಿ ಕಾನೂನು ನೆರವಿನ ಸ್ವಯಂಸೇವಕಿಯಾಗಿ ಕುಳಿತ ದಿನಗಳಲ್ಲಿ ನಾನು ಹೆಚ್ಚಾಗಿ ಕೇಳಿದ ಮಾತೆಂದರೆ, "ಹೊಡೆಯುವುದಿಲ್ಲ, ಆದರೆ ಬದುಕಲೂ ಬಿಡುವುದಿಲ್ಲ" ಎಂಬುದು. ಭಟ್ಕಳದಿಂದ ಬೆಳಗಿನ ಬಸ್ಸು ಹಿಡಿದು ಬಂದವರು, ಹಳಿಯಾಳದಿಂದ ತಾಯಿಯ ಜೊತೆ ಬಂದವರು, ಇಲ್ಲೇ ಕೋಡಿಬಾಗದಿಂದ ಆಟೋದಲ್ಲಿ ಬಂದವರು, ಎಲ್ಲರೂ ಇದನ್ನು ತಗ್ಗಿದ ದನಿಯಲ್ಲಿ, ತಮ್ಮದೇ ತಪ್ಪನ್ನು ಒಪ್ಪಿಕೊಳ್ಳುವವರಂತೆ ಹೇಳುತ್ತಾರೆ. ಮೈಮೇಲೆ ಗಾಯದ ಗುರುತು ಇಲ್ಲದಿದ್ದರೆ ನ್ಯಾಯಾಧೀಶರ ಮುಂದೆ ಹೇಳಿಕೊಳ್ಳಲು ಏನೂ ಇಲ್ಲವೆಂದು ಅವರು ಮನೆಯಲ್ಲಿಯೇ ತೀರ್ಮಾನಿಸಿಕೊಂಡು ಬಂದಿರುತ್ತಾರೆ. ಆ ತೀರ್ಮಾನ ತಪ್ಪು. ಹೊಡೆತವಿಲ್ಲದ ಕ್ರೌರ್ಯವನ್ನೂ ಮುಸ್ಲಿಂ ವಿವಾಹಗಳ ವಿಸರ್ಜನೆ ಕಾಯ್ದೆಯು 1939ರಲ್ಲಿಯೇ ವಿಚ್ಛೇದನಕ್ಕೆ ಕಾರಣವೆಂದು ಬರೆದಿಟ್ಟಿದೆ. ಆದರೆ ಆ ಕ್ರೌರ್ಯವನ್ನು "ನರಕ", "ಕಿರುಕುಳ" ಎಂಬ ಒಂದೊಂದು ಪದದಲ್ಲಿ ಹೇಳಿ ಮುಗಿಸಿದರೆ ನ್ಯಾಯಾಲಯಕ್ಕೆ ಏನೂ ಕಾಣುವುದಿಲ್ಲ. ಯಾವ ದಿನ, ಯಾವ ಕೋಣೆಯಲ್ಲಿ, ಯಾರ ಎದುರು, ಏನು ನಡೆಯಿತು ಎಂದು ಬಿಡಿಸಿ ಹೇಳಿದಾಗ ಮಾತ್ರ ಕಾಣುತ್ತದೆ. ಈ ಬರಹದ ಹೆಚ್ಚಿನ ಭಾಗ ಹಾಗೆ ಬಿಡಿಸಿ ಹೇಳುವ ಕ್ರಮಕ್ಕೇ ಮೀಸಲು.

ಜೀವಕ್ಕೆ ಅಪಾಯವಿರುವವರು ಮುಂದಿನದನ್ನು ಓದುವ ಮೊದಲು 112ಕ್ಕೆ ಅಥವಾ ಮಹಿಳಾ ಸಹಾಯವಾಣಿ 181ಕ್ಕೆ ಕರೆ ಮಾಡಿ, ಮಕ್ಕಳೊಂದಿಗೆ ಸುರಕ್ಷಿತ ಜಾಗ ಸೇರಿಕೊಳ್ಳಬೇಕು. ಕಾಗದಪತ್ರಗಳನ್ನು ಆಮೇಲೆ ಹೊಂದಿಸಬಹುದು.

ಕಾಯ್ದೆಯಲ್ಲಿ ಇರುವುದೇನು

"ಇದು ಸರ್ಕಾರದ ಕಾನೂನು, ನಮ್ಮ ಶರೀಅತ್ತಿನದಲ್ಲ" ಎಂದು ಕೆಲವು ಮನೆಗಳಲ್ಲಿ ಹಿರಿಯರು ಹೇಳುವುದುಂಟು. ಅವರಿಗೆ ಈ ಕಾಯ್ದೆಯ ಹುಟ್ಟನ್ನು ತಿಳಿಸಬೇಕು. ಇಸ್ಲಾಮಿನ ನ್ಯಾಯಪದ್ಧತಿಗಳಲ್ಲಿ ಒಂದಾದ ಹನಫಿ ಪದ್ಧತಿಯಲ್ಲಿ, ಗಂಡ ಎಷ್ಟೇ ಪೀಡಿಸಿದರೂ ಹೆಂಡತಿ ನ್ಯಾಯಾಲಯಕ್ಕೆ ಹೋಗಿ ಬಿಡುಗಡೆ ಪಡೆಯುವ ದಾರಿ ಬಹುಮಟ್ಟಿಗೆ ಮುಚ್ಚಿತ್ತು, ಬೇರೆ ದಾರಿ ಕಾಣದ ಕೆಲವು ಹೆಣ್ಣುಮಕ್ಕಳು ಧರ್ಮವನ್ನೇ ಬಿಟ್ಟೆವೆಂದು ಘೋಷಿಸಿ ಮದುವೆಯಿಂದ ಪಾರಾಗುತ್ತಿದ್ದರು. ಇದನ್ನು ಕಂಡು ಕಳವಳಗೊಂಡ ಉಲೇಮಾಗಳೇ, ಅಂದರೆ ಧರ್ಮವಿದ್ವಾಂಸರೇ, ಇಂಥ ಸಂದರ್ಭದಲ್ಲಿ ಮಾಲಿಕಿ ಪದ್ಧತಿಯ ನಿಯಮಗಳನ್ನು ಅನುಸರಿಸಬಹುದೆಂದು ದಾರಿ ತೋರಿದರು. ಮೊಹಮ್ಮದ್ ಅಹ್ಮದ್ ಕಾಝ್ಮಿ ಅವರು ಕೇಂದ್ರ ಶಾಸನಸಭೆಯಲ್ಲಿ ಮಸೂದೆ ಮಂಡಿಸಿದರು, ಅದು 1939ರ ಮಾರ್ಚ್ 17ರಂದು ಕಾಯ್ದೆಯಾಯಿತು. ಕರಾವಳಿಯ ನವಾಯತರು ಶಾಫಿ ಪದ್ಧತಿಯವರು, ಘಟ್ಟದ ಮೇಲೆ ಹನಫಿ ಪದ್ಧತಿಯವರು ಹೆಚ್ಚು. ಕಾಯ್ದೆ ಎಲ್ಲರಿಗೂ ಒಂದೇ.

ಈ ಕಾಯ್ದೆಯ 2ನೇ ಕಲಮಿನಲ್ಲಿ ಹೆಂಡತಿ ವಿಚ್ಛೇದನ ಕೇಳಬಹುದಾದ ಕಾರಣಗಳಿವೆ. ಗಂಡ ನಾಲ್ಕು ವರ್ಷದಿಂದ ಎಲ್ಲಿದ್ದಾನೆಂದು ತಿಳಿಯದಿರುವುದು, ಎರಡು ವರ್ಷ ಜೀವನಾಂಶ ಕೊಡದಿರುವುದು, ಸಕಾರಣವಿಲ್ಲದೆ ಮೂರು ವರ್ಷ ವೈವಾಹಿಕ ಕರ್ತವ್ಯ ನಿರ್ವಹಿಸದಿರುವುದು ಇತ್ಯಾದಿ ಕಾರಣಗಳ ಸಾಲಿನಲ್ಲಿ ಎಂಟನೆಯದು ಕ್ರೌರ್ಯ. ಕ್ರೌರ್ಯದ ಜೊತೆಗೆ ಬೇರೆ ಕಾರಣವೂ ನಿಮಗೆ ಅನ್ವಯಿಸುತ್ತಿದ್ದರೆ ಒಂದೇ ಅರ್ಜಿಯಲ್ಲಿ ಎರಡನ್ನೂ ಸೇರಿಸಬೇಕು. ಜೀವನಾಂಶ ಕೊಡದಿರುವುದನ್ನು ಸಾಬೀತುಪಡಿಸುವುದು ಎಷ್ಟೋ ಸಲ ಕ್ರೌರ್ಯಕ್ಕಿಂತ ಸುಲಭ.

ಎಂಟನೆಯ ಕಾರಣದೊಳಗೆ ಆರು ಕವಲುಗಳಿವೆ. ಮೊದಲನೆಯದೇ ಎಲ್ಲಕ್ಕಿಂತ ವಿಶಾಲ. ಗಂಡನು ಹೆಂಡತಿಯ ಮೇಲೆ ಪದೇ ಪದೇ ಕೈಮಾಡುವುದು, ಅಥವಾ ದೈಹಿಕ ಹಿಂಸೆ ಎನ್ನಿಸಿಕೊಳ್ಳದಿದ್ದರೂ ಕ್ರೂರ ನಡವಳಿಕೆಯಿಂದ ಆಕೆಯ ಬದುಕನ್ನು ದುಸ್ಸಹಗೊಳಿಸುವುದು, ಇವೆರಡೂ ಅದರಲ್ಲಿ ಬರುತ್ತವೆ. ಎರಡನೆಯ ಅರ್ಧವೇ ನಾನು ಮೇಲೆ ಹೇಳಿದ ಹೆಣ್ಣುಮಕ್ಕಳ ಮಾತಿಗೆ ಉತ್ತರ. ತಿಂಗಳುಗಟ್ಟಲೆ ಮಾತುಬಿಡುವುದು, ತವರಿಗೆ ಫೋನು ಮಾಡಲು ಬಿಡದಿರುವುದು, ಮಕ್ಕಳೆದುರು ನಡತೆಗೆಟ್ಟವಳೆಂದು ಜರೆಯುವುದು, ಕಾಯಿಲೆಯಲ್ಲಿ ಔಷಧಿಗೆ ದುಡ್ಡು ಕೊಡದಿರುವುದು, ತಲಾಖ್ ಕೊಡುತ್ತೇನೆಂದು ದಿನನಿತ್ಯ ಬೆದರಿಸುವುದು, ಇವೆಲ್ಲ ಒಟ್ಟುಗೂಡಿ ಬದುಕನ್ನು ದುಸ್ಸಹಗೊಳಿಸಿವೆಯೇ ಎಂದು ನ್ಯಾಯಾಲಯ ನೋಡುತ್ತದೆ. ಸಂಸಾರದಲ್ಲಿ ಸಹಜವಾಗಿ ಬಂದುಹೋಗುವ ಜಗಳವನ್ನು ಅದು ಕ್ರೌರ್ಯವೆಂದು ಪರಿಗಣಿಸುವುದಿಲ್ಲ.

ದುರ್ನಡತೆಯ ಹೆಂಗಸರ ಸಹವಾಸ ಮಾಡುವುದು ಅಥವಾ ಕುಖ್ಯಾತ ಬದುಕು ನಡೆಸುವುದು ಎರಡನೆಯದು, ಹೆಂಡತಿಯನ್ನು ಅನೈತಿಕ ಬದುಕಿಗೆ ನೂಕಲು ಯತ್ನಿಸುವುದು ಮೂರನೆಯದು. ಎರಡನೆಯದರ ಬಗ್ಗೆ ಒಂದು ಎಚ್ಚರಿಕೆ ಹೇಳಬೇಕು. ಗಂಡನಿಗೆ ಬೇರೆ ಸಂಬಂಧವಿದೆ ಎಂಬ ಆರೋಪವನ್ನು ಕೇವಲ ಅನುಮಾನದ ಮೇಲೆ ಅರ್ಜಿಗೆ ಸೇರಿಸಬೇಡಿ. ಪಾಟೀಸವಾಲಿನಲ್ಲಿ ಅದು ಬಿದ್ದುಹೋದರೆ, ನಿಜವಾಗಿ ನಡೆದ ಇತರ ಸಂಗತಿಗಳ ಮೇಲಿನ ನಂಬಿಕೆಯೂ ಅದರೊಂದಿಗೆ ಸಡಿಲವಾಗುತ್ತದೆ.

ನಾಲ್ಕನೆಯ ಕವಲು ನಮ್ಮ ಜಿಲ್ಲೆಯಲ್ಲಿ ಹೆಚ್ಚು ಬಳಕೆಗೆ ಬರಬೇಕಾಗಿದ್ದರೂ ಬಹಳ ಜನಕ್ಕೆ ತಿಳಿದಿಲ್ಲ. ಹೆಂಡತಿಯ ಆಸ್ತಿಯನ್ನು ಪರಭಾರೆ ಮಾಡುವುದು ಅಥವಾ ಅದರ ಮೇಲಿನ ಆಕೆಯ ಹಕ್ಕನ್ನು ಚಲಾಯಿಸಲು ಬಿಡದಿರುವುದು ಕಾನೂನಿನ ಕಣ್ಣಿನಲ್ಲಿ ಕ್ರೌರ್ಯ. ಬಂಗಾರ ಆಸ್ತಿಯೇ. ತವರಿನವರು ಹಾಕಿದ ಬಳೆಗಳನ್ನು ಗಂಡ ಕೇಳದೆ ಸೊಸೈಟಿಯಲ್ಲಿ ಗಿರವಿ ಇಟ್ಟು, ಬಿಡಿಸದೆ ಹರಾಜಿಗೆ ಬಿಟ್ಟಿದ್ದರೆ ಅದು ಇಲ್ಲಿಗೆ ಬರುತ್ತದೆ. ಆತನ ಹೆಸರಿನ ಗಿರವಿ ಚೀಟಿ, ಅಂಗಡಿಯ ಖರೀದಿ ರಸೀದಿ, ಅದೇ ಬಳೆಗಳು ಕಾಣುವ ನಿಕಾಹ್ ದಿನದ ಫೋಟೋ, ಈ ಮೂರು ಸಿಕ್ಕರೆ ಸಾಕ್ಷ್ಯ ಗಟ್ಟಿಯಾಗುತ್ತದೆ. ನೀವೇ ಒಪ್ಪಿ, ವ್ಯಾಪಾರಕ್ಕೆಂದೋ ವೀಸಾಕ್ಕೆಂದೋ ಕೊಟ್ಟಿದ್ದರೆ ಇದೇ ಮಾತು ಅಷ್ಟು ಬಲವಾಗಿ ನಿಲ್ಲದು. ಹಾಗಾಗಿ ಕೊಟ್ಟಿರೋ, ಕಸಿದುಕೊಂಡರೋ ಎಂಬುದನ್ನು ವಕೀಲರಿಗೆ ಇದ್ದಂತೆ ಹೇಳಬೇಕು.

ಐದನೆಯದು ಹೆಂಡತಿಯ ಧರ್ಮಾಚರಣೆಗೆ ಅಡ್ಡಿಪಡಿಸುವುದು. ಇದಕ್ಕೂ ಮಿತಿಯಿದೆ: ಸೀರೆ ಉಡು, ಸಿನಿಮಾಕ್ಕೆ ಬಾ ಎಂದು ಗಂಡ ಒತ್ತಾಯಿಸಿದ್ದೇ ಕ್ರೌರ್ಯವೆಂಬ ವಾದವನ್ನು ಕೇರಳ ಹೈಕೋರ್ಟ್ 1970ರ ದಶಕದ ಆರಂಭದಲ್ಲಿ ಒಪ್ಪಲಿಲ್ಲ. ಆರನೆಯದು, ಒಬ್ಬಳಿಗಿಂತ ಹೆಚ್ಚು ಹೆಂಡಿರಿರುವಾಗ ಕುರಾನಿನ ಆದೇಶದಂತೆ ಸಮನಾಗಿ ನೋಡಿಕೊಳ್ಳದಿರುವುದು. ಎರಡನೆಯ ಮದುವೆ ಕಾನೂನಿಗೆ ಸಮ್ಮತವಾಗಿದ್ದ ಮಾತ್ರಕ್ಕೆ ಅದು ಮೊದಲ ಹೆಂಡತಿಯ ಮೇಲಿನ ಕ್ರೌರ್ಯವಲ್ಲವೆಂದು ಹೇಳಲಾಗದು ಎಂದು 2020ರಲ್ಲಿ ನಮ್ಮ ಹೈಕೋರ್ಟಿನ ಕಲಬುರಗಿ ಪೀಠ ಹೇಳಿದೆ. ಅದಕ್ಕೂ ಬಹಳ ಹಿಂದೆ, 1960ರ ಹೊತ್ತಿಗೇ, ಅಲಹಾಬಾದ್ ಹೈಕೋರ್ಟಿನ ನ್ಯಾಯಮೂರ್ತಿ ಎಸ್.ಎಸ್. ಧವನ್ ಇದೇ ದಿಕ್ಕಿನಲ್ಲಿ ತೀರ್ಪು ಕೊಟ್ಟಿದ್ದರು.

ನಡೆದದ್ದನ್ನು ಬರೆಯುವ ಕ್ರಮ

ಒಬ್ಬ ಹೆಣ್ಣುಮಗಳು ಮಗನ ಗಣಿತದ ನೋಟ್‌ಬುಕ್ ತಂದಿದ್ದಳು. ಮುಂದಿನ ಪುಟಗಳಲ್ಲಿ ಭಾಗಾಕಾರ, ಹಿಂದಿನ ಪುಟಗಳಲ್ಲಿ ಆಕೆಯ ಮದುವೆ. ಅದರಲ್ಲಿ ಒಂದು ಟಿಪ್ಪಣಿ ಹೀಗಿತ್ತು: ರಂಜಾನಿನ 21ನೇ ಉಪವಾಸ. ಸಹರಿಗೆ ಎದ್ದಾಗ ಗ್ಯಾಸಿನ ರೆಗ್ಯುಲೇಟರ್ ಬಿಚ್ಚಿ ಕಪಾಟಿನಲ್ಲಿಟ್ಟು ಬೀಗ ಹಾಕಿದ್ದರು. ರಾತ್ರಿಯ ಅನ್ನಕ್ಕೆ ನೀರು ಹಾಕಿ ತಿಂದೆ. ಅತ್ತೆ ಬಾಗಿಲಲ್ಲಿ ನಿಂತು ನೋಡಿದರು. ಬೀಗದಕೈ ಸಂಜೆ ಇಫ್ತಾರಿನ ಹೊತ್ತಿಗೆ ಕೊಟ್ಟರು.

ಇಲ್ಲಿ "ಕ್ರೌರ್ಯ" ಎಂಬ ಪದವೇ ಇಲ್ಲ, ಬೇಕಾಗಿಯೂ ಇಲ್ಲ. ದಿನ ಇದೆ, ವಸ್ತು ಇದೆ, ನೋಡಿದವರಿದ್ದಾರೆ, ಮುಂದೆ ಏನಾಯಿತೆಂಬುದೂ ಇದೆ. ಇಂಥ ಹತ್ತು ಟಿಪ್ಪಣಿಗಳಿದ್ದರೆ ಅರ್ಜಿ ಬರೆಯುವ ವಕೀಲರಿಗೆ ಕೈ ತುಂಬ ಸಾಮಗ್ರಿ ಸಿಗುತ್ತದೆ. ಅವರು ಕಂಪ್ಯೂಟರಿನಲ್ಲಿರುವ ಹಳೆಯ ಅರ್ಜಿಯ ಸಿದ್ಧವಾಕ್ಯಗಳನ್ನು ನಿಮ್ಮ ಹೆಸರಿನ ಕೆಳಗೆ ಅಂಟಿಸುವ ಪ್ರಮೇಯವೂ ತಪ್ಪುತ್ತದೆ. "ಪ್ರತಿವಾದಿಯು ವಾದಿಗೆ ದೈಹಿಕ ಹಾಗೂ ಮಾನಸಿಕ ಕಿರುಕುಳ ನೀಡುತ್ತಿದ್ದು" ಎಂಬ ಒಂದೇ ಸಾಲಿನಲ್ಲಿ ಇಡೀ ಸಂಸಾರವನ್ನು ಮುಗಿಸಿದ ಅರ್ಜಿಗಳನ್ನು ನಾನು ಓದಿದ್ದೇನೆ, ಪ್ರತಿ ಸಲ ಓದಿದಾಗಲೂ ಸಂಕಟವಾಗುತ್ತದೆ. ಆ ಅರ್ಜಿಯೊಳಗೆ ಆ ಹೆಣ್ಣುಮಗಳೇ ಇರುವುದಿಲ್ಲ.

ತಾರೀಖು ನೆನಪಿಲ್ಲವೆಂದು ಬಹಳ ಜನ ಬರೆಯುವುದನ್ನೇ ಬಿಡುತ್ತಾರೆ. ತಾರೀಖಿಗೆ ಬದಲು ಗುರುತು ಹಿಡಿಯಿರಿ: ಬಕ್ರೀದಿನ ಮೂರನೆಯ ದಿನ, ಮೊದಲ ಮಳೆ ಬಿದ್ದ ರಾತ್ರಿ, ಮಗಳು ಎಲ್‌ಕೆಜಿಗೆ ಸೇರಿದ ವಾರ, ಶಿರಸಿಯ ಮಾರಿ ಜಾತ್ರೆ ನಡೆದ ವರ್ಷ. ಅದನ್ನು ಕ್ಯಾಲೆಂಡರಿನೊಂದಿಗೆ ತಾಳೆ ನೋಡಿ ದಿನಾಂಕವನ್ನು ಆಮೇಲೆ ಹಾಕಬಹುದು. ನಿಖರ ದಿನ ಸಿಗದಿದ್ದರೆ "ಸುಮಾರು" ಎಂದೇ ಬರೆಯಬೇಕು. ಹಿಂದಿನ ಸಂಗತಿಗಳನ್ನು ಈಗ ನೆನಪಿನಿಂದ ಬರೆಯುತ್ತಿದ್ದರೆ, ಬರೆದ ಇಂದಿನ ದಿನಾಂಕವನ್ನು ಮೇಲೆ ಹಾಕಿ, ನೆನಪಿನಿಂದ ಬರೆದದ್ದು ಎಂದು ನಮೂದಿಸಿ. ಹಳೆಯ ದಿನಾಂಕ ಹಾಕಿ ಆಗಲೇ ಬರೆದ ಡೈರಿಯಂತೆ ತೋರಿಸಹೋದವರ ಒಳ್ಳೆಯ ಪ್ರಕರಣಗಳೂ ಹಾಳಾಗುತ್ತವೆ.

ಆಡಿದ ಮಾತನ್ನು ಆಡಿದ ಭಾಷೆಯಲ್ಲೇ ಬರೆದುಕೊಳ್ಳಿ. ಬೈಗುಳ ನವಾಯತಿಯಲ್ಲಿದ್ದರೆ ನವಾಯತಿಯಲ್ಲಿ, ದಖ್ಖನಿಯಲ್ಲಿದ್ದರೆ ದಖ್ಖನಿಯಲ್ಲಿ. ನ್ಯಾಯಾಲಯಕ್ಕೆ ಕನ್ನಡದ ಅನುವಾದ ಜೊತೆಗೆ ಹೋಗುತ್ತದೆ. ಬಾಯಲ್ಲಿ ಹೇಳಲು ನಾಚಿಕೆಯಾಗುವ ಮಾತನ್ನು "ಅವಾಚ್ಯ ಶಬ್ದಗಳಿಂದ ನಿಂದಿಸಿದರು" ಎಂದು ಮರೆಮಾಡುವ ರೂಢಿಯಿದೆ. ಒಂದೆರಡು ಕಡೆಯಾದರೂ ಆ ಶಬ್ದಗಳು ಇದ್ದ ಹಾಗೆ ಬರಲಿ. ಕುಟುಂಬ ನ್ಯಾಯಾಲಯದಲ್ಲಿ ನೀವು ಕೋರಿದರೆ ವಿಚಾರಣೆಯನ್ನು ಬಾಗಿಲು ಮುಚ್ಚಿ ನಡೆಸುತ್ತಾರೆ, ಊರಿನವರು ಕೇಳಿಸಿಕೊಳ್ಳುವ ಭಯ ಬೇಡ.

ಬರೆಯುವ ಪುಸ್ತಕವನ್ನು ಗಂಡನ ಮನೆಯಲ್ಲಿ ಇಡಬೇಡಿ. ಸಾಧ್ಯವಾದರೆ ಪುಟಗಳ ಫೋಟೋ ತೆಗೆದು ತಂಗಿಗೋ ಗೆಳತಿಗೋ ಕಳುಹಿಸಿ, ನಿಮ್ಮ ಫೋನಿನಿಂದ ಅಳಿಸಿ.

ಸಾಕ್ಷ್ಯದ ಬಗ್ಗೆ ಒಂದಿಷ್ಟು

ಕೊಲೆ ಮೊಕದ್ದಮೆಯಲ್ಲಿ ಬೇಕಾಗುವಷ್ಟು ಕಟ್ಟುನಿಟ್ಟಿನ ಪುರಾವೆ ಇಲ್ಲಿ ಬೇಕಿಲ್ಲ. ವೈವಾಹಿಕ ಮೊಕದ್ದಮೆಯಲ್ಲಿ ಯಾವುದು ಹೆಚ್ಚು ಸಂಭವನೀಯ ಎಂದು ತೂಗಿ ನೋಡಿದರೆ ಸಾಕೆಂದು ಸುಪ್ರೀಂ ಕೋರ್ಟ್ 1975ರಲ್ಲಿಯೇ ಹೇಳಿದೆ. ನಾಲ್ಕು ಗೋಡೆಯ ನಡುವೆ ನಡೆದದ್ದಕ್ಕೆ ತಾಯಿ, ಅಕ್ಕ, ಪಕ್ಕದ ಮನೆಯವರು ಸಾಕ್ಷಿಯಾಗಬಹುದು. ಬಂಧುಗಳೆಂಬ ಒಂದೇ ಕಾರಣಕ್ಕೆ ಅವರ ಮಾತು ತಳ್ಳಿಹಾಕುವಂಥದ್ದಲ್ಲ. ಕುಟುಂಬ ನ್ಯಾಯಾಲಯಗಳ ಕಾಯ್ದೆಯ 14ನೇ ಕಲಮು, ವಿವಾದವನ್ನು ಬಗೆಹರಿಸಲು ನೆರವಾಗುವ ಯಾವುದೇ ದಾಖಲೆಯನ್ನು, ಸಾಕ್ಷ್ಯ ಕಾನೂನಿನ ಬಿಗಿ ನಿಯಮಗಳಿಗೆ ಹೊಂದದಿದ್ದರೂ, ಸ್ವೀಕರಿಸಲು ನ್ಯಾಯಾಧೀಶರಿಗೆ ಅವಕಾಶ ಕೊಟ್ಟಿದೆ.

ಗಾಯವಾದಾಗ ವೈದ್ಯರಿಗೆ ನಿಜ ಹೇಳಿ. ಎಷ್ಟೋ ಹೊರರೋಗಿ ಚೀಟಿಗಳಲ್ಲಿ "ಬಚ್ಚಲಲ್ಲಿ ಜಾರಿ ಬಿದ್ದದ್ದು" ಎಂದು ಬರೆದಿರುತ್ತದೆ, ಏಕೆಂದರೆ ಗಂಡ ಪಕ್ಕದಲ್ಲೇ ನಿಂತಿದ್ದ. ಎರಡು ವರ್ಷದ ನಂತರ ಅದೇ ಚೀಟಿಯನ್ನು ಆತನ ವಕೀಲರು ನ್ಯಾಯಾಲಯದಲ್ಲಿ ಓದುತ್ತಾರೆ. ಆತ ಹೊರಗೆ ಹೋಗಲಿ ಎಂದು ನರ್ಸಿಗೆ ಹೇಳಿದರೆ ಸಾಕು, ಅವರಿಗೆ ಅರ್ಥವಾಗುತ್ತದೆ. ಹಾಗೆ ಈಗಾಗಲೇ ಸುಳ್ಳು ಬರೆಸಿದ್ದರೆ ಅದನ್ನು ಮುಚ್ಚಿಡದೆ, ಯಾರ ಭಯಕ್ಕೆ ಬರೆಸಿದಿರಿ ಎಂಬುದನ್ನು ಅರ್ಜಿಯಲ್ಲೇ ತಿಳಿಸಬೇಕು.

ವಾಟ್ಸ್‌ಆ್ಯಪ್ ಸಂದೇಶ ಮತ್ತು ವಾಯ್ಸ್ ಮೆಸೇಜುಗಳನ್ನು ಅಳಿಸಬೇಡಿ, ಅವು ಬಂದ ಫೋನನ್ನೂ ಮಾರಬೇಡಿ. ಅವುಗಳ ಪ್ರತಿಯನ್ನು ಸಲ್ಲಿಸುವಾಗ ಭಾರತೀಯ ಸಾಕ್ಷ್ಯ ಅಧಿನಿಯಮ 2023ರ 63ನೇ ಕಲಮಿನ ಪ್ರಮಾಣಪತ್ರ ಜೊತೆಗಿರಬೇಕು, ಅದನ್ನು ವಕೀಲರು ಸಿದ್ಧಪಡಿಸುತ್ತಾರೆ. ಗಂಡ ಹೆಂಡಿರ ನಡುವಿನ ಫೋನ್ ಸಂಭಾಷಣೆಯನ್ನು ಒಬ್ಬರು ಗುಟ್ಟಾಗಿ ಧ್ವನಿಮುದ್ರಿಸಿದ್ದರೂ ವಿಚ್ಛೇದನದ ಮೊಕದ್ದಮೆಯಲ್ಲಿ ಅದನ್ನು ಪರಿಗಣಿಸಬಹುದೆಂದು ಸುಪ್ರೀಂ ಕೋರ್ಟ್ 2025ರ ಜುಲೈನಲ್ಲಿ ಹೇಳಿದೆ. ನಿಕಾಹ್‌ನಾಮೆ ಗಂಡನ ಮನೆಯಲ್ಲೇ ಉಳಿದಿದ್ದರೆ ನಿಕಾಹ್ ನಡೆದ ಮಸೀದಿಯ ದಫ್ತರಿನಿಂದ ನಕಲು ಕೇಳಿ ಪಡೆಯಿರಿ. ಮೆಹರಿನ, ಅಂದರೆ ಮದುವೆಯಲ್ಲಿ ಗಂಡ ಹೆಂಡತಿಗೆ ಕೊಡಲು ಒಪ್ಪಿದ ಹಣದ, ಮೊತ್ತ ಅದರಲ್ಲಿರುತ್ತದೆ.

ಜಮಾತ್ ಮತ್ತು ಖುಲಾ

ನಮ್ಮ ಕಡೆ ಮನೆಯ ಜಗಳ ಮೊದಲು ಜಮಾತಿನ ಹಿರಿಯರ ಬಳಿಗೆ ಹೋಗುತ್ತದೆ. ಇದರಲ್ಲಿ ತಪ್ಪಿಲ್ಲ, ಎಷ್ಟೋ ಮನೆಗಳು ಅಲ್ಲಿಯೇ ಸರಿಹೋಗಿವೆ. ಹೋಗುವಾಗ ದೂರನ್ನು ಬಾಯಿಮಾತಿನಲ್ಲಿ ಹೇಳದೆ ಬರೆದು ಕೊಟ್ಟು, ಪ್ರತಿಯ ಮೇಲೆ ಸ್ವೀಕರಿಸಿದ ಸಹಿ ಪಡೆದುಕೊಳ್ಳಬೇಕು. ಮುಂದೆ ಅದೂ ಸಾಕ್ಷ್ಯವೇ. ಆದರೆ ಜಮಾತಿನ ತೀರ್ಮಾನಕ್ಕಾಗಲಿ ಫತ್ವಾಕ್ಕಾಗಲಿ ಕಾನೂನಿನ ಬಲವಿಲ್ಲ, ಒಪ್ಪಲೇಬೇಕೆಂದು ಯಾರೂ ಬಲವಂತ ಮಾಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2014ರಲ್ಲಿ ಸ್ಪಷ್ಟಪಡಿಸಿದೆ.

ನಾನು ಒತ್ತಿ ಹೇಳಬೇಕಾದ ಸಂಗತಿ ಇದು. ಹೆಂಡತಿ ಬಿಡುಗಡೆ ಬೇಕೆಂದ ಕೂಡಲೇ "ಹಾಗಿದ್ದರೆ ಖುಲಾ ತೆಗೆದುಕೊ" ಎನ್ನುತ್ತಾರೆ. ಖುಲಾ, ಅಂದರೆ ಹೆಂಡತಿಯೇ ಕೇಳಿ ಪಡೆಯುವ ಬಿಡುಗಡೆ, ಆಕೆಯ ಹಕ್ಕು ನಿಜ, ಬೇಗ ಮುಗಿಯುವುದೂ ನಿಜ; ಆದರೆ ಅದರಲ್ಲಿ ಸಾಮಾನ್ಯವಾಗಿ ಮೆಹರನ್ನು ಬಿಟ್ಟುಕೊಡಬೇಕಾಗುತ್ತದೆ. ಕ್ರೌರ್ಯದ ಕಾರಣಕ್ಕೆ ನ್ಯಾಯಾಲಯವು ಮದುವೆಯನ್ನು ರದ್ದುಪಡಿಸಿದರೆ, ಅಂದರೆ ಫಸ್ಖ್ ಆದರೆ, ಮೆಹರಿನ ಹಕ್ಕು ಹಾಗೆಯೇ ಉಳಿಯುತ್ತದೆಂದು 1939ರ ಕಾಯ್ದೆಯ 5ನೇ ಕಲಮು ಹೇಳಿದೆ. ತಪ್ಪು ಗಂಡನದಾಗಿರುವಾಗ, ಬೆಲೆ ಕೊಟ್ಟು ಹೊರಬರುವಂತೆ ಹೆಣ್ಣಿಗೆ ಹೇಳುವುದು ನ್ಯಾಯವೆಂದು ನನಗೆ ತೋರುವುದಿಲ್ಲ. ಎಲ್ಲ ತಿಳಿದೂ, ನೆಮ್ಮದಿಗಾಗಿ ಖುಲಾವನ್ನೇ ಆರಿಸಿಕೊಂಡರೆ ಅದು ಆಕೆಯ ಆಯ್ಕೆ. ತಿಳಿಯದೆ ಸಹಿ ಹಾಕುವುದು ಮಾತ್ರ ಆಗಬಾರದು, ಖಾಲಿ ಸ್ಟ್ಯಾಂಪ್ ಕಾಗದಕ್ಕಂತೂ ಯಾರು ಹೇಳಿದರೂ ಸಹಿ ಮಾಡಬಾರದು.

ಅರ್ಜಿ ಸಲ್ಲಿಸುವುದು

ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ 1987ರ ಪ್ರಕಾರ ಮಹಿಳೆಗೆ, ಆದಾಯ ಎಷ್ಟೇ ಇರಲಿ, ಉಚಿತ ಕಾನೂನು ನೆರವು ಸಿಗಬೇಕು. ಜಿಲ್ಲಾ ಪ್ರಾಧಿಕಾರ ಕಾರವಾರದಲ್ಲಿದೆ, ತಾಲೂಕು ನ್ಯಾಯಾಲಯಗಳಲ್ಲಿ ತಾಲೂಕು ಸಮಿತಿಗಳಿವೆ, ಫೋನ್ ಸಂಖ್ಯೆ 15100. ಭಟ್ಕಳದವರಾಗಲಿ ಮುಂಡಗೋಡದವರಾಗಲಿ ಮೊದಲು ಕೇಳಿ ತಿಳಿದುಕೊಳ್ಳಲೆಂದೇ ಕಾರವಾರದವರೆಗೆ ಬರಬೇಕಾಗಿಲ್ಲ, ತಮ್ಮ ತಾಲೂಕಿನ ಸಮಿತಿಯಲ್ಲಿ ಕೇಳಿದರೆ ಅರ್ಜಿ ಯಾವ ನ್ಯಾಯಾಲಯಕ್ಕೆ ಹೋಗಬೇಕೆಂಬುದನ್ನೂ ಹೇಳುತ್ತಾರೆ.

ಯಾವ ಊರಿನಲ್ಲಿ ಸಲ್ಲಿಸಬೇಕೆಂಬುದು ತೊಡಕಿನ ಪ್ರಶ್ನೆ. ಹಿಂದೂ ವಿವಾಹ ಕಾಯ್ದೆಯಲ್ಲಿ ಹೆಂಡತಿ ಈಗ ವಾಸಿಸುವ ಊರಿನಲ್ಲೇ ಅರ್ಜಿ ಹಾಕಲು ಸ್ಪಷ್ಟ ಅವಕಾಶವಿದೆ, 1939ರ ಕಾಯ್ದೆಯಲ್ಲಿ ಅಂಥ ಸಾಲಿಲ್ಲ. ಗಂಡ ವಾಸಿಸುವ ಜಾಗ ಅಥವಾ ವ್ಯಾಜ್ಯದ ಕಾರಣ ಪೂರ್ತಿಯಾಗಿಯೋ ಭಾಗಶಃವೋ ಹುಟ್ಟಿದ ಜಾಗ ಎಂಬ ಸಾಮಾನ್ಯ ನಿಯಮ ಇಲ್ಲಿ ನಡೆಯುತ್ತದೆ. ಆದ್ದರಿಂದ ಗಂಡ ಹುಬ್ಬಳ್ಳಿಯಲ್ಲಿದ್ದು ನೀವು ಅಂಕೋಲೆಯ ತವರಿನಲ್ಲಿದ್ದರೆ, ನಿಕಾಹ್ ಅಂಕೋಲೆಯಲ್ಲಿ ಆಗಿತ್ತೇ, ಆತ ಇಲ್ಲಿಗೆ ಬಂದು ಬೆದರಿಸಿದ್ದನೇ ಎಂಬ ಸಂಗತಿಗಳು ಅರ್ಜಿಯಲ್ಲಿ ಎದ್ದು ಕಾಣಬೇಕು. ಗಂಡ ಕೊಲ್ಲಿ ದೇಶದಲ್ಲಿದ್ದರೆ ಸಮನ್ಸ್ ತಲುಪಿಸಲು ತಿಂಗಳುಗಳೇ ಹಿಡಿಯಬಹುದು. ಆತನ ಅಲ್ಲಿಯ ವಿಳಾಸ, ಕಂಪನಿ, ಪಾಸ್‌ಪೋರ್ಟ್ ಪ್ರತಿ, ಬಳಕೆಯಲ್ಲಿರುವ ಫೋನ್ ಸಂಖ್ಯೆ ಮೊದಲೇ ಸಂಗ್ರಹವಾಗಿರಲಿ.

ನೋಟಿಸು ಮುಟ್ಟಿದ ಮೇಲೆ ಗಂಡನ ಕಡೆಯ ಉತ್ತರ ಬಹುತೇಕ ಒಂದೇ: ಅವಳೇ ಮನೆ ಬಿಟ್ಟು ಹೋದಳು, ಕರೆದರೂ ಬರಲಿಲ್ಲ. ಇದಕ್ಕಾಗಿ ಮನೆ ಬಿಟ್ಟ ದಿನದ ಟಿಪ್ಪಣಿ ಎಲ್ಲಕ್ಕಿಂತ ವಿವರವಾಗಿರಬೇಕು. ಆ ದಿನ ಏನು ಉಟ್ಟಿದ್ದಿರಿ, ಕೈಯಲ್ಲಿ ಎಷ್ಟು ದುಡ್ಡಿತ್ತು, ಯಾರ ಆಟೋ, ತವರಿನ ಬಾಗಿಲು ತೆರೆದವರು ಯಾರು ಎಂಬ ವಿವರಗಳು ನಿಮ್ಮ ಪರವಾಗಿ ಮಾತಾಡುತ್ತವೆ. ನ್ಯಾಯಾಲಯ ಮೊದಲು ರಾಜಿಗೆ ಯತ್ನಿಸಿಯೇ ತೀರುತ್ತದೆ, ಅದು ಅದರ ಕರ್ತವ್ಯ. ಹೋಗಿ, ಕೇಳಿ, ಒಪ್ಪಿಗೆಯಾಗದಿದ್ದರೆ ಇಲ್ಲವೆಂದು ಹೇಳಿ.

ವಿಚ್ಛೇದನಕ್ಕೆ ಕಾಯುತ್ತಿರುವಾಗ ಹೊಟ್ಟೆ ಕಾಯುವುದಿಲ್ಲ. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ 144ನೇ ಕಲಮಿನಡಿ ಜೀವನಾಂಶವನ್ನು, ಕೌಟುಂಬಿಕ ದೌರ್ಜನ್ಯ ತಡೆ ಕಾಯ್ದೆ 2005ರಡಿ ರಕ್ಷಣೆ, ವಾಸದ ಹಕ್ಕು ಮತ್ತು ಮಧ್ಯಂತರ ಆದೇಶವನ್ನು ಪ್ರತ್ಯೇಕವಾಗಿ ಕೇಳಬಹುದು. ದೌರ್ಜನ್ಯದ ಅರ್ಜಿಗೆ ಸಂರಕ್ಷಣಾಧಿಕಾರಿಯವರು ವರದಿ ಸಿದ್ಧಪಡಿಸಿಕೊಡುತ್ತಾರೆ.

ಡಿಕ್ರಿ ಬಂದ ಮೇಲೆ

ಕುಟುಂಬ ನ್ಯಾಯಾಲಯದ ಡಿಕ್ರಿಯ, ಅಂದರೆ ತೀರ್ಪಿನ ಆದೇಶದ, ಮೇಲೆ 30 ದಿನದೊಳಗೆ ಹೈಕೋರ್ಟಿಗೆ ಮೇಲ್ಮನವಿ ಹೋಗಬಹುದು, ನಮ್ಮ ಜಿಲ್ಲೆಗೆ ಅದು ಧಾರವಾಡ ಪೀಠ. ಮರುಮದುವೆಗೆ ಮೊದಲು ಕಾಯಬೇಕಾದ ಇದ್ದತ್ತಿನ ಅವಧಿ, ಸಾಮಾನ್ಯವಾಗಿ ಮೂರು ಋತುಚಕ್ರ, ಗರ್ಭಿಣಿಯಾದರೆ ಹೆರಿಗೆಯವರೆಗೆ. ಮರುಮದುವೆಯ ಮಾತು ಈ ಎರಡೂ ಅವಧಿ ಕಳೆದ ಮೇಲೆ ಇರಲಿ. ವಿಚ್ಛೇದಿತೆಯ ಭವಿಷ್ಯಕ್ಕೆ ಗಂಡನು ಇದ್ದತ್ತಿನೊಳಗೆ ನ್ಯಾಯಯುತ ಏರ್ಪಾಡು ಮಾಡಬೇಕೆಂದು ಸುಪ್ರೀಂ ಕೋರ್ಟ್ 2001ರಲ್ಲಿ ಹೇಳಿದೆ. ವಿಚ್ಛೇದಿತ ಮುಸ್ಲಿಂ ಮಹಿಳೆಗೂ ಸಾಮಾನ್ಯ ಕಾನೂನಿನ ಜೀವನಾಂಶದ ಹಕ್ಕಿದೆಯೆಂದು 2024ರ ಜುಲೈನಲ್ಲಿ ಮತ್ತೆ ದೃಢಪಡಿಸಿದೆ. ಬಾಕಿ ಇಟ್ಟ ಮೆಹರನ್ನು ಮದುವೆ ರದ್ದಾದ ಮೂರು ವರ್ಷದೊಳಗೆ ಕೇಳಬೇಕು.

ಡಿಕ್ರಿಯ ಪ್ರಮಾಣೀಕೃತ ಪ್ರತಿಗಳನ್ನು ಮೂರು ತೆಗೆಸಿ. ಒಂದನ್ನು ಜಮಾತಿನ ದಫ್ತರಿಗೆ ಕೊಟ್ಟು ಸ್ವೀಕೃತಿ ಪಡೆಯಿರಿ, ಒಂದು ರೇಷನ್ ಕಾರ್ಡ್, ಪಾಸ್‌ಪೋರ್ಟಿನಂಥ ಕೆಲಸಗಳಿಗೆ ಓಡಾಡಲಿ. ಮೂರನೆಯದನ್ನು ಪ್ಲಾಸ್ಟಿಕ್ ಕವರಿನಲ್ಲಿ ಹಾಕಿ, ನಮ್ಮ ಮಳೆಗಾಲದ ತೇವ ತಾಗದಂತೆ, ಆ ನೋಟ್‌ಬುಕ್ಕಿನ ಜೊತೆಗೇ ಎತ್ತಿಡಿ.